ಕೆಲಸ ಲೇಟಾಯ್ತು ಅಂತ ಬಿಲ್ಲಲ್ಲಿ ದಂಡ ಹಿಡ್ಕೊಂಡ್ರೆ ಏನ್ ಮಾಡ್ಬೋದು?

ಪ್ರಶ್ನೆ: ಸರ್, ಶಿರಾ ತಾಲ್ಲೂಕಲ್ಲಿ 80 ಲಕ್ಷದ ರೋಡ್ ಕೆಲಸ ಮಾಡಿದ್ವಿ. ಆರು ತಿಂಗಳು ಟೈಮ್, ನಾಲ್ಕು ತಿಂಗಳು ಲೇಟಾಯ್ತು. ಅದ್ರಲ್ಲಿ ಎರಡೂವರೆ ತಿಂಗಳು ಕರೆಂಟ್ ಕಂಬ ಶಿಫ್ಟ್ ಆಗ್ದೆ ನಿಂತಿದ್ದು. ಈಗ ಇಲಾಖೆಯವರು ಫೈನಲ್ ಬಿಲ್ಲಲ್ಲಿ ದಂಡ ಅಂತ 8 ಲಕ್ಷ ಕಟ್ ಮಾಡಿದಾರೆ, ಕೇಳಿದ್ರೆ ಅಗ್ರಿಮೆಂಟಲ್ಲಿ ಇದೆ ನೀವೇ ಸೈನ್ ಹಾಕಿದೀರಲ್ಲ ಅಂತಾರೆ. ಸರಿನಾ ಇದು?

ಅಗ್ರಿಮೆಂಟಲ್ಲಿ ಇರೋದು ನಿಜ. ದಿನಕ್ಕೆ ಇಷ್ಟು, ಒಟ್ಟು ಇಷ್ಟು ಪರ್ಸೆಂಟ್ ಮೀರಬಾರ್ದು ಅಂತ ಬರೆದಿರುತ್ತೆ, ಸಾಮಾನ್ಯವಾಗಿ 10% ಮಿತಿ, ನಿಮಗೆ ಪೂರ್ತಿ ಮಿತಿವರೆಗೂ ಹಾಕಿದಾರೆ. ಆದ್ರೆ ಎಷ್ಟು ದಿನ ಲೇಟು ಅನ್ನೋದಲ್ಲ ಇಲ್ಲಿ ವಿಷಯ, ಆ ದಿನಗಳು ಯಾರ ಲೆಕ್ಕಕ್ಕೆ ಹೋಗ್ಬೇಕು ಅನ್ನೋದು. ಕಂಬದ ಎರಡೂವರೆ ತಿಂಗಳನ್ನ ನಿಮ್ ತಲೆಗೆ ಕಟ್ಟೋ ಹಾಗಿಲ್ಲ.

ಇದನ್ನ ತೀರ್ಮಾನ ಮಾಡೋರು ಯಾರು ಅಂದ್ರೆ, ಇಲಾಖೆ ಅಂತ ಎಲ್ರೂ ಅಂದ್ಕೊಂಡಿದಾರೆ. ನಮ್ಮ ರಾಜ್ಯದ್ದೇ ಕೇಸಿದೆ ನೋಡಿ, ತೀರ್ಥಹಳ್ಳಿಯ ರಾಮೇಶ್ವರ ರೈಸ್ ಮಿಲ್ಸ್ ವಿರುದ್ಧ ಕರ್ನಾಟಕ ಸರ್ಕಾರ ಹೋಗಿದ್ದು, 1987ರಲ್ಲಿ ಸುಪ್ರೀಂ ಕೋರ್ಟ್ ಏನ್ ಹೇಳ್ತು ಅಂದ್ರೆ, ತಪ್ಪಾಗಿದೆ ಅಂತ ಇಬ್ರೂ ಒಪ್ಪಿದ್ರೆ ನಷ್ಟ ಎಷ್ಟು ಅಂತ ಅಧಿಕಾರಿ ಲೆಕ್ಕ ಹಾಕ್ಬೋದು, ಆದ್ರೆ ತಪ್ಪು ಯಾರದ್ದು ಅಂತಲೇ ಜಗಳ ಇದ್ರೆ ಒಂದು ಪಾರ್ಟಿನೇ ಕೂತು ತೀರ್ಪು ಕೊಡೋ ಹಾಗಿಲ್ಲ. 2011ರಲ್ಲಿ ಜೆ.ಜಿ. ಇಂಜಿನಿಯರ್ಸ್ ಕೇಸಲ್ಲೂ ಇದೇ ಮಾತು, ಅದು ಗುವಾಹಟಿ ಏರ್‌ಪೋರ್ಟ್ ಟರ್ಮಿನಲ್ ಕಟ್ಟಡ ವಿಸ್ತರಣೆಯ ಕೆಲಸ. ಎಸ್‌ಇ (ಸೂಪರಿಂಟೆಂಡಿಂಗ್ ಇಂಜಿನಿಯರ್) ತೀರ್ಮಾನವೇ ಫೈನಲ್ ಅಂತ ಅಗ್ರಿಮೆಂಟಿನ ಷರತ್ತು ತೋರಿಸಿ ಹೆದರಿಸೋರಿಗೆ ಈ ಎರಡು ಹೆಸರು ಹೇಳಿ.

ರೋಡ್ ಲೇಟಾಗಿದ್ದಕ್ಕೆ ಇಲಾಖೆಗೆ ನಷ್ಟ ಏನಾಯ್ತು, ತೋರಿಸ್ಲಿ ಅಂತ ವಾದ ಮಾಡೋರಿದಾರೆ. ಕಾಂಟ್ರಾಕ್ಟ್ ಆಕ್ಟ್ 74ನೇ ಸೆಕ್ಷನ್ ಪ್ರಕಾರ ನ್ಯಾಯವಾದ ಪರಿಹಾರ ಮಾತ್ರ, ಬರೆದಿರೋ ಮೊತ್ತ ಗರಿಷ್ಠ ಮಿತಿ ಅಷ್ಟೇ, ಅದು ಸರಿನೇ. ಆದ್ರೂ ಇದೊಂದನ್ನೇ ನಂಬ್ಕೋಬೇಡಿ. 2015ರಲ್ಲಿ ದೆಹಲಿಯ ಒಂದು ಒಳಚರಂಡಿ ಪಂಪಿಂಗ್ ಸ್ಟೇಷನ್ ಕೇಸಲ್ಲಿ ಸುಪ್ರೀಂ ಕೋರ್ಟ್, ಜನರಿಗೆ ಬೇಕಾದ ಕೆಲಸ ಲೇಟಾದ್ರೆ ನಷ್ಟ ಆಗಿದೆ ಅಂತಲೇ ತಗೋಬೋದು ಅಂತು, ಆದ್ರೂ ಕೇಳಿದ್ದರಲ್ಲಿ ಅರ್ಧಕ್ಕೆ ಇಳಿಸ್ತು.

ಅದಕ್ಕೆ ನಿಮ್ ಕೇಸ್ ನಿಲ್ಲೋದು ಕಾಗದದ ಮೇಲೆ. ಕಂಬ ಅಡ್ಡ ಇದೆ ಅಂತ ಆಗಲೇ ಎಇಇಗೆ (ಸಹಾಯಕ ಕಾರ್ಯಪಾಲಕ ಇಂಜಿನಿಯರ್) ಲೆಟರ್ ಕೊಟ್ಟು ಸೀಲ್ ಹಾಕಿಸ್ಕೊಂಡಿದ್ರಾ, ಕೆಲಸ ಯಾಕೆ ನಿಂತ್ತು ಅಂತ ಬರೆದಿಡೋ ಅಡಚಣೆ ರಿಜಿಸ್ಟರಲ್ಲಿ ಎಂಟ್ರಿ ಆಗಿದ್ಯಾ, ಟೈಮ್ ಎಕ್ಸ್‌ಟೆನ್ಶನ್ ಕೇಳಿದ್ದು ಗಡುವು ಮುಗಿಯೋ ಮುಂಚೆನಾ? ಜೆಇಗೆ (ಜೂನಿಯರ್ ಇಂಜಿನಿಯರ್) ಫೋನಲ್ಲಿ ಹೇಳಿದ್ದೆ ಅನ್ನೋದು ಕೋರ್ಟಲ್ಲಿ ನಿಲ್ಲಲ್ಲ, ವಾಟ್ಸಾಪ್ ಮೆಸೇಜ್ ಇದ್ರೆ ಡಿಲೀಟ್ ಮಾಡ್ಬೇಡಿ. ಎಕ್ಸ್‌ಟೆನ್ಶನ್ ಕೊಟ್ಟ ಆರ್ಡರ್ ಇದ್ರೆ ಅದ್ರಲ್ಲಿ 'ದಂಡದ ಹಕ್ಕು ಕಾಯ್ದಿರಿಸಿ' ಅಂತ ಇದ್ಯಾ ನೋಡಿ, ಯಾಕಂದ್ರೆ ಲೇಟಾಗಿ ಮಾಡಿದ ಕೆಲಸ ಒಪ್ಕೊಳೋವಾಗ್ಲೇ ನೋಟಿಸ್ ಕೊಡದಿದ್ರೆ ಆಮೇಲೆ ಪರಿಹಾರ ಕೇಳಂಗಿಲ್ಲ ಅಂತ ಅದೇ ಕಾಂಟ್ರಾಕ್ಟ್ ಆಕ್ಟಿನ 55ನೇ ಸೆಕ್ಷನ್ ಹೇಳುತ್ತೆ, ಎಷ್ಟೋ ಕಡೆ ಇದನ್ನ ಮರೆತಿರ್ತಾರೆ. ಮಳೆ ಕಾರಣ ಕೊಡೋದಾದ್ರೆ ಹುಷಾರು, ನಮ್ ಕಡೆ ಸೆಪ್ಟೆಂಬರ್ ಅಕ್ಟೋಬರಲ್ಲಿ ಮಳೆ ಬರೋದು ಎಲ್ರಿಗೂ ಗೊತ್ತು, ಟೆಂಡರ್ ಹಾಕೋವಾಗ ಲೆಕ್ಕ ಇಟ್ಕೋಬೇಕಿತ್ತು ಅಂತಾರೆ.

ಉಳಿದ ಒಂದೂವರೆ ತಿಂಗಳು ನಿಮ್ದೇ ಆಗಿದ್ರೆ ಒಪ್ಕೊಂಡ್ಬಿಡಿ, ಆವಾಗ ಮಿಕ್ಕಿದ್ದಕ್ಕೆ ವಾದ ಗಟ್ಟಿಯಾಗುತ್ತೆ.

ಈಗ ತಕ್ಷಣ, ಬಿಲ್ ಸೈನ್ ಮಾಡೋವಾಗ ಇನ್ನೇನೂ ಕೇಳಲ್ಲ ಅನ್ನೋ 'ನೋ ಕ್ಲೇಮ್' ಕಾಗದಕ್ಕೆ ಸುಮ್ನೆ ಸೈನ್ ಹಾಕ್ಬೇಡಿ, ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ ಅಂತ ಬರೆದೇ ಹಾಕಿ. ಆಮೇಲೆ ಇಇಗೆ (ಕಾರ್ಯಪಾಲಕ ಇಂಜಿನಿಯರ್) ದಿನಗಳ ಲೆಕ್ಕ ಸಮೇತ ಮನವಿ. ಅಗ್ರಿಮೆಂಟಲ್ಲಿ ಆರ್ಬಿಟ್ರೇಶನ್ (ಕೋರ್ಟ್ ಹೊರಗೆ ಮಧ್ಯಸ್ಥರ ತೀರ್ಪು) ಇದ್ರೆ ಆ ದಾರಿ, ಇಲ್ಲಾಂದ್ರೆ ಸಿವಿಲ್ ಕೋರ್ಟು, ಸರ್ಕಾರದ ಮೇಲೆ ದಾವೆ ಆಗಿರೋದ್ರಿಂದ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಸೆಕ್ಷನ್ 80ರ ನೋಟಿಸ್ ಕೊಟ್ಟು ಎರಡು ತಿಂಗಳು ಕಾಯ್ಬೇಕು. ಸಾಮಾನ್ಯವಾಗಿ ಮೂರು ವರ್ಷದೊಳಗೆ ಹಾಕ್ಬೇಕು, ಬರೀ ಮನವಿ ಕೊಡ್ತಾ ಓಡಾಡ್ತಾ ಇದ್ರೆ ಆ ಗಡುವು ನಿಮಗೋಸ್ಕರ ನಿಲ್ಲಲ್ಲ.