ಲಾಂಚರ್: ಆಟ ಎಲ್ಲೋ, ಪಟ್ಟಿ ಇಲ್ಲೇ

ಹಾಸನದವರ ಕಿವಿಗೆ ‘ಲಾಂಚ್’ ಅನ್ನುವ ಪದ ಬಿದ್ದರೆ ರಾಕೆಟ್ ನೆನಪಾಗುತ್ತದೆ. ನಮ್ಮ ಸಾಲಗಾಮೆ ರಸ್ತೆಯಲ್ಲಿ ಇಸ್ರೋದ ಎಂಸಿಎಫ್ ಇದೆಯಲ್ವಾ, ಅದಕ್ಕೇ. ಪೂರ್ತಿ ಹೆಸರು ಮಾಸ್ಟರ್ ಕಂಟ್ರೋಲ್ ಫೆಸಿಲಿಟಿ. ಶುರುವಾಗಿದ್ದು 1982ರಲ್ಲಿ. ಆದರೆ ಅಲ್ಲಿಂದ ಒಂದು ರಾಕೆಟ್ಟೂ ಹಾರುವುದಿಲ್ಲ. ಇನ್ಸಾಟ್-1ಎ ಉಪಗ್ರಹ ಹಾರಿದ್ದು ಅಮೆರಿಕದ ಕೇಪ್ ಕೆನವರಲ್‌ನಿಂದ. ಇನ್ಸಾಟ್-1ಬಿ ಹೋಗಿದ್ದು 1983ರಲ್ಲಿ, ಚಾಲೆಂಜರ್ ಅನ್ನುವ ಸ್ಪೇಸ್ ಶಟಲ್‌ನಲ್ಲಿ. ಆಮೇಲಿನವು ಕೆಲವು ಫ್ರೆಂಚ್ ಗಯಾನಾದಿಂದ ಹೋದವು, ಕೆಲವು ನಮ್ಮ ಶ್ರೀಹರಿಕೋಟಾದಿಂದ. ಹಾರಿದ ಜಾಗ ಬೇರೆ ಬೇರೆ. ಅವು ಎಲ್ಲಿವೆ, ಹೇಗಿವೆ ಅಂತ ನೋಡಿಕೊಂಡದ್ದು ಹಾಸನ. ಭೋಪಾಲದಲ್ಲಿ ಇನ್ನೊಂದು ಕೇಂದ್ರ ಬಂದದ್ದು ಎಷ್ಟೋ ವರ್ಷ ಆದಮೇಲೆ.

ಇದನ್ನು ಯಾಕೆ ಹೇಳಿದೆ ಅಂದರೆ, ಕಂಪ್ಯೂಟರ್ ಆಟ ಆಡುವವರು ‘ಲಾಂಚರ್’ ಅನ್ನುವ ಪದವನ್ನು ದಿನಾ ಬಳಸುತ್ತಾರೆ. ಹೆಸರು ಕೇಳಿದರೆ ಆಟವನ್ನು ‘ಹಾರಿಸುವ’ ಸಾಧನ ಅನಿಸುತ್ತದೆ. ಆ ಕೆಲಸವನ್ನೂ ಅದು ಮಾಡುತ್ತದೆ, ಇಲ್ಲ ಅಂತಲ್ಲ. ಆದರೆ ನಾಲ್ಕಾರು ಕಡೆಯ ಆಟಗಳನ್ನು ಒಂದೇ ಪರದೆಯಲ್ಲಿ ತೋರಿಸುವ ಲಾಂಚರ್‌ನ ನಿಜವಾದ ಕೆಲಸ ಶ್ರೀಹರಿಕೋಟಾದ ಕೆಲಸಕ್ಕಿಂತ ಎಂಸಿಎಫ್ ಕೆಲಸಕ್ಕೆ ಹತ್ತಿರ. ಯಾವುದು ಎಲ್ಲಿದೆ ಅಂತ ಗೊತ್ತಿಟ್ಟುಕೊಳ್ಳುವುದು.

ಇಲ್ಲಿ ಒಂದು ಗೊಂದಲ ಇದೆ. ಒಂದೇ ಪದವನ್ನು ಎರಡು ಬೇರೆ ವಸ್ತುಗಳಿಗೆ ಬಳಸುತ್ತಾರೆ. ಮೊದಲನೆಯದು ಅಂಗಡಿಯ ಲಾಂಚರ್. ಆಟ ಮಾರುವ ಕಂಪನಿಯೇ ಕೊಡುವ ಪ್ರೋಗ್ರಾಮ್ ಅದು. ಕೊಳ್ಳುವುದು, ಇಳಿಸಿಕೊಳ್ಳುವುದು, ಅಪ್‌ಡೇಟ್ ಮಾಡುವುದು, ಆಡುವುದು ಎಲ್ಲ ಅದರೊಳಗೇ. ವಾಲ್ವ್ ಕಂಪನಿ ಸ್ಟೀಮ್ ತಂದದ್ದು 2003ರ ಸೆಪ್ಟೆಂಬರ್‌ನಲ್ಲಿ. ಆಗ ಅದರ ಮುಖ್ಯ ಕೆಲಸ ವಾಲ್ವ್‌ನ ಸ್ವಂತ ಆಟಗಳಿಗೆ ಅಪ್‌ಡೇಟ್ ತಲುಪಿಸುವುದಾಗಿತ್ತು. 2004ರಲ್ಲಿ ಹಾಫ್-ಲೈಫ್ 2 ಬಂದಾಗ, ಅಂಗಡಿಯಿಂದ ಡಿಸ್ಕ್ ತಂದವರೂ ಸ್ಟೀಮ್ ಹಾಕಿಕೊಳ್ಳಲೇಬೇಕಾಯಿತು. ಆಮೇಲೆ ಉಳಿದವರೂ ತಮ್ಮ ತಮ್ಮ ಬಾಗಿಲು ತೆರೆದರು. 2008ರಲ್ಲಿ ಜಿಓಜಿ ಬಂತು. 2011ರಲ್ಲಿ ಇಎ ಕಂಪನಿಯ ಒರಿಜಿನ್ ಬಂತು, ಈಗ ಅದರ ಜಾಗದಲ್ಲಿ ಇಎ ಆಪ್ ಇದೆ. 2018ರ ಡಿಸೆಂಬರ್‌ನಲ್ಲಿ ಎಪಿಕ್ ಗೇಮ್ಸ್ ಸ್ಟೋರ್ ಬಂತು. ಯೂಬಿಸಾಫ್ಟ್, ಬ್ಯಾಟಲ್‌ನೆಟ್, ಎಕ್ಸ್‌ಬಾಕ್ಸ್, ಅಮೆಜಾನ್ ಅಂತ ಸಾಲು ಬೆಳೆಯಿತು.

ಎರಡನೆಯದು ಈ ಅಂಗಡಿಗಳಲ್ಲಿರುವ ನಮ್ಮ ಆಟಗಳನ್ನೆಲ್ಲ ಒಂದು ಕಡೆ ಜೋಡಿಸಿ ತೋರಿಸುವ ಲಾಂಚರ್. ಇದು ಏನನ್ನೂ ಮಾರುವುದಿಲ್ಲ. ಪ್ಲೇನೈಟ್, ಲಾಂಚ್‌ಬಾಕ್ಸ್, ವಿಂಡೋಸ್ ಬದಲು ಲಿನಕ್ಸ್ ಬಳಸುವವರ ಲೂಟ್ರಿಸ್ ಈ ಜಾತಿಯವು. ಈ ಬರಹ ಇರುವುದು ಇದರ ಬಗ್ಗೆ.

ಇದರ ಅರ್ಥ ನನಗೆ ಸರಿಯಾಗಿ ಹಿಡಿದದ್ದು ಸಕಲೇಶಪುರದ ಕಡೆ, ಹಾನುಬಾಳಿನ ಹತ್ತಿರ ಇರುವ ಅಕ್ಕನ ಮನೆಯಲ್ಲಿ. ಅಕ್ಕನ ಮಗ ಪಿಯುಸಿ ಓದುತ್ತಾನೆ. ಆಟ ಅಂದರೆ ಅವನಿಗೆ ಜೀವ. ಕಳೆದ ಬೇಸಿಗೆಯಲ್ಲಿ ಹೋದಾಗ ಮುಖ ಸಣ್ಣ ಮಾಡಿಕೊಂಡು ಕೂತಿದ್ದ. ಹುಟ್ಟುಹಬ್ಬಕ್ಕೆ ಬಂದ ದುಡ್ಡಿನಲ್ಲಿ ಒಂದು ಆಟ ಕೊಂಡಿದ್ದಾನೆ. ಮಾರನೇ ದಿನ ನೋಡಿದರೆ ಅದೇ ಆಟ ಇನ್ನೊಂದು ಅಂಗಡಿಯ ಖಾತೆಯಲ್ಲಿ ಆಗಲೇ ಇದೆ. ಯಾವತ್ತೋ ಪುಕ್ಕಟೆ ಕೊಟ್ಟಾಗ ತೆಗೆದುಕೊಂಡು ಮರೆತಿದ್ದ. ಹೀಗಾಗುವುದು ಅಪರೂಪವೇನಲ್ಲ. ಎಪಿಕ್‌ನವರು ಪ್ರತಿ ವಾರ ಆಟ ಪುಕ್ಕಟೆ ಕೊಡುತ್ತಾರೆ. 2020ರ ಮೇ ತಿಂಗಳಲ್ಲಿ ಜಿಟಿಎ 5 ಅಷ್ಟು ದೊಡ್ಡ ಆಟವನ್ನೇ ಕೊಟ್ಟಿದ್ದರು. ತೆಗೆದುಕೊಳ್ಳುವಾಗ ಖುಷಿ. ಎರಡು ವರ್ಷ ಕಳೆದರೆ ಯಾವುದು ಯಾವ ಖಾತೆಯಲ್ಲಿದೆ ಅನ್ನುವುದು ಯಾರಿಗೆ ನೆನಪಿರುತ್ತದೆ?

ಅವನು ದೂರು ಹೇಳುತ್ತಿದ್ದರೆ, ಪಕ್ಕದ ಟೇಬಲ್ಲಿನಲ್ಲಿ ಭಾವ ಕಾಫಿ ಲೆಕ್ಕದ ಪುಸ್ತಕ ಬಿಡಿಸಿಕೊಂಡು ಕೂತಿದ್ದರು. ಅರೇಬಿಕಾ ಪಾರ್ಚ್‌ಮೆಂಟ್ ಇಷ್ಟು ಮೂಟೆ ಹಾಸನದ ಕ್ಯೂರಿಂಗ್‌ನಲ್ಲಿ, ಅಂದರೆ ಕಾಫಿಯ ಸಿಪ್ಪೆ ತೆಗೆದು ವಿಂಗಡಿಸುವ ಕಾರ್ಖಾನೆಯಲ್ಲಿ. ರೋಬಸ್ಟಾ ಚೆರ್ರಿ ಇಷ್ಟು ಮೂಟೆ ಮನೆ ಗೋಡೌನಿನಲ್ಲಿ. ಇನ್ನಿಷ್ಟು ವ್ಯಾಪಾರಿ ಹತ್ತಿರ, ರೇಟು ಇನ್ನೂ ಮುರಿದಿಲ್ಲ. ಪ್ರತಿ ಸಾಲಿನ ಪಕ್ಕದಲ್ಲೂ ಎಲ್ಲಿದೆ ಅನ್ನುವ ಕಾಲಂ.

ನಾನು ಹುಡುಗನಿಗೆ ಹೇಳಿದೆ: “ನೋಡೋ, ಅಪ್ಪನ ಪುಸ್ತಕ ನೋಡು. ಕಾಫಿ ಆ ಪುಸ್ತಕದಲ್ಲಿದೆಯಾ?”

“ಇಲ್ಲ ಮಾವ, ಕ್ಯೂರಿಂಗ್‌ನಲ್ಲಿದೆ.”

“ಆದರೂ ಪುಸ್ತಕ ಕಳೆದರೆ ಅಪ್ಪನಿಗೆ ಎಷ್ಟು ಕಷ್ಟ ಹೇಳು.”

ಭಾವ ತಲೆ ಎತ್ತದೆ ಅಂದರು: “ಪುಸ್ತಕ ಕಳೆದರೂ ಕಾಫಿ ಎಲ್ಲೂ ಹೋಗಲ್ಲ. ಕ್ಯೂರಿಂಗ್‌ನವರು ಮುಚ್ಚಿಕೊಂಡು ಹೋದರೆ ಮಾತ್ರ ಈ ಪುಸ್ತಕ ಇಟ್ಟುಕೊಂಡು ಏನೂ ಮಾಡಕ್ಕಾಗಲ್ಲ.”

ಲಾಂಚರ್ ಅಂದರೆ ಏನು ಅನ್ನುವುದಕ್ಕೆ ಇಷ್ಟು ಚೆನ್ನಾಗಿ ಹೊಂದುವ ಮಾತು ನಾನು ಬೇರೆಲ್ಲೂ ಕೇಳಿಲ್ಲ.

ಅವತ್ತೇ ರಾತ್ರಿ ಕೂತು ಅವನ ಕಂಪ್ಯೂಟರಿಗೆ ಪ್ಲೇನೈಟ್ ಹಾಕಿದೆವು. ಅದಕ್ಕೆ ದುಡ್ಡು ಕೊಡಬೇಕಿಲ್ಲ. ಒಳಗಿನ ಕೋಡ್ ಯಾರು ಬೇಕಾದರೂ ನೋಡಬಹುದು. ವಿಂಡೋಸ್‌ಗೆ ಮಾತ್ರ ಇದೆ. ಮೊದಲು ಯಾವ ಯಾವ ಅಂಗಡಿಗಳಲ್ಲಿ ಖಾತೆ ಇದೆ ಅಂತ ಕೇಳುತ್ತದೆ. ಒಂದೊಂದಕ್ಕೂ ಲಾಗಿನ್ ಆಗಬೇಕು. ಆಮೇಲೆ ಅದು ಎರಡು ಕಡೆ ಹುಡುಕುತ್ತದೆ. ಒಂದು, ನಮ್ಮ ಡಿಸ್ಕಿನಲ್ಲಿ. ಸ್ಟೀಮ್ ಹಾಕಿದ ಪ್ರತಿ ಆಟಕ್ಕೂ ‘ಸ್ಟೀಮ್‌ಆಪ್ಸ್’ ಅನ್ನುವ ಫೋಲ್ಡರಿನಲ್ಲಿ ಒಂದು ಚಿಕ್ಕ ಚೀಟಿಯಂಥ ಫೈಲ್ ಇರುತ್ತದೆ. ಆಟದ ಹೆಸರು, ನಂಬರು, ಯಾವ ಫೋಲ್ಡರಿನಲ್ಲಿದೆ ಅನ್ನುವುದೆಲ್ಲ ಅದರಲ್ಲಿ ಬರೆದಿರುತ್ತದೆ. ಪ್ಲೇನೈಟ್ ಆ ಚೀಟಿ ಓದಿಕೊಳ್ಳುತ್ತದೆ. ಇನ್ನೊಂದು, ಅಂಗಡಿಯಲ್ಲಿರುವ ನಮ್ಮ ಖಾತೆಯಲ್ಲಿ. ಕೊಂಡು ಇನ್ನೂ ಇಳಿಸಿಕೊಳ್ಳದ ಆಟಗಳ ಹೆಸರು ಅಲ್ಲಿಂದ ಬರುತ್ತದೆ. ಹೀಗೆ ತರಿಸಿಕೊಳ್ಳುವುದಕ್ಕೇ ಇಂಪೋರ್ಟ್ ಅನ್ನುವುದು.

ಇನ್ನು ಆಟ ತೆರೆಯುವುದು. ಇದನ್ನು ಸ್ವಲ್ಪ ನಿಧಾನವಾಗಿ ನೋಡಬೇಕು, ಯಾಕೆಂದರೆ ಜಾಸ್ತಿ ಜನ ತಪ್ಪು ತಿಳಿಯುವುದು ಇಲ್ಲೇ. ಸ್ಟೀಮ್‌ನ ಪ್ರತಿ ಆಟಕ್ಕೂ ಒಂದು ನಂಬರಿದೆ. ಹಾಫ್-ಲೈಫ್ 2ಕ್ಕೆ 220, ಡೋಟಾ 2ಕ್ಕೆ 570. ಪ್ಲೇನೈಟ್‌ನಲ್ಲಿ ‘ಪ್ಲೇ’ ಒತ್ತಿದರೆ ಅದು ಸ್ಟೀಮ್‌ಗೆ ಕೂಗಿ ಹೇಳುತ್ತದೆ: 570 ತೆಗಿ. ಸ್ಟೀಮ್ ಎದ್ದು, ಈ ಖಾತೆಗೆ ಈ ಆಟ ಇದೆಯಾ, ಅಪ್‌ಡೇಟ್ ಬಾಕಿ ಇದೆಯಾ ಅಂತ ನೋಡಿ, ಆಮೇಲೆ ತೆರೆಯುತ್ತದೆ. ಅಂದರೆ ಸ್ಟೀಮ್ ಅನ್ನು ತೆಗೆದುಹಾಕುವ ಹಾಗಿಲ್ಲ. ಅದು ಹಿಂದೆ ಇರಲೇಬೇಕು. “ನಾಲ್ಕು ಲಾಂಚರ್ ಬೇಡ, ಒಂದೇ ಸಾಕು ಅಂತ ಇದನ್ನು ಹಾಕಿದರೆ ಈಗ ಐದಾಯ್ತಲ್ಲ ಮಾವ” ಅಂದ ಹುಡುಗ. ಅವನು ಕೇಳಿದ್ದು ಸರಿಯಾಗಿಯೇ ಇದೆ. ಡಿಸ್ಕಿನಲ್ಲಿ ಜಾಗ ಉಳಿಯುವುದಿಲ್ಲ, ಪ್ರೋಗ್ರಾಮ್‌ಗಳೂ ಕಡಿಮೆಯಾಗುವುದಿಲ್ಲ. ಕಡಿಮೆಯಾಗುವುದು ಹುಡುಕಾಟ. ಭಾವ ಲೆಕ್ಕ ಬರೆದ ಮಾತ್ರಕ್ಕೆ ಕ್ಯೂರಿಂಗ್ ಬೇಡವಾಗುವುದಿಲ್ಲ ಅಲ್ವಾ, ಹಾಗೆ.

ಜಿಓಜಿಯ ಆಟಗಳ ಮಾತು ಬೇರೆ. ಅಲ್ಲಿ ಆಟಕ್ಕೆ ಬೀಗ ಹಾಕಿ ಕೊಡುವುದಿಲ್ಲ. ಆ ಬೀಗಕ್ಕೆ ಡಿಆರ್‌ಎಂ ಅನ್ನುತ್ತಾರೆ. ಆಟದ ಇನ್‌ಸ್ಟಾಲರ್ ಫೈಲನ್ನು ಇಳಿಸಿಕೊಂಡು ಹಾರ್ಡ್‌ಡಿಸ್ಕಿನಲ್ಲಿ ಇಟ್ಟುಕೊಳ್ಳಬಹುದು. ಪ್ಲೇನೈಟ್ ಅಂಥ ಆಟವನ್ನು ಯಾರನ್ನೂ ಕೇಳದೆ ನೇರವಾಗಿ ತೆರೆಯಬಲ್ಲದು. ಕಾಫಿಯ ಭಾಷೆಯಲ್ಲಿ ಹೇಳಬೇಕೆಂದರೆ ಇದು ಮನೆ ಗೋಡೌನಿನ ಮೂಟೆ, ಕೀಲಿ ನಮ್ಮ ಕೈಯಲ್ಲೇ ಇದೆ. ಉಳಿದ ಅಂಗಡಿಗಳಲ್ಲಿ ‘ಕೊಂಡೆ’ ಅನ್ನುವುದು ಬಹುಮಟ್ಟಿಗೆ ‘ಆಡಲು ಪರವಾನಗಿ ಪಡೆದೆ’ ಅಂತಲೇ. ಇದನ್ನು ಗಿರಾಕಿಗೆ ಬಿಡಿಸಿ ಹೇಳಲೇಬೇಕು ಅಂತ ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ 2024ರಲ್ಲಿ ಒಂದು ಕಾನೂನನ್ನೇ ತಂದರು. ಅದೇ ವರ್ಷ ಸ್ಟೀಮ್ ಕೂಡ ದುಡ್ಡು ಕಟ್ಟುವ ಪುಟದಲ್ಲಿ ಈ ಮಾತು ಬರೆಯಲು ಶುರುಮಾಡಿತು. ಹಾಗಾಗಿ ಪಟ್ಟಿಯಲ್ಲಿ ಆಟ ಕಾಣುತ್ತದೆ ಅಂದ ಮಾತ್ರಕ್ಕೆ ಅದು ನಮ್ಮದೇ ಅಂತಲ್ಲ. ಅದು ಯಾರ ಕೀಲಿಯಲ್ಲಿದೆ ಅಂತ ಪಟ್ಟಿ ಹೇಳುತ್ತದೆ. ನನಗೆ ಇದು ತುಂಬಾ ಮುಖ್ಯ ಅನಿಸುತ್ತದೆ. ಹದಿನಾರು ವರ್ಷದ ಹುಡುಗ ತನ್ನ ದುಡ್ಡು ಯಾವುದಕ್ಕೆ ಹೋಯಿತು ಅಂತ ತಿಳಿದಿರಬೇಕು.

ಇಂಪೋರ್ಟ್ ಮುಗಿದ ಮೇಲೆ ಪರದೆ ತುಂಬಾ ಆಟದ ಚಿತ್ರಗಳು ಬಂದು ಕೂತವು. ಹುಡುಗನ ಕಣ್ಣು ಅರಳಿತು. ಆ ಚಿತ್ರ, ಆಟ ಬಂದ ವರ್ಷ, ತಯಾರಿಸಿದವರು, ಯಾವ ಬಗೆಯ ಆಟ ಅನ್ನುವ ವಿವರ, ಇವಕ್ಕೆಲ್ಲ ಸೇರಿ ಮೆಟಾಡೇಟಾ ಅನ್ನುತ್ತಾರೆ. ಅಂದರೆ ಆಟದ ಬಗ್ಗೆ ಇರುವ ಮಾಹಿತಿ, ಆಟವಲ್ಲ. ಮೂಟೆ ಮೇಲೆ ಕಟ್ಟಿದ ಚೀಟಿ ಇದ್ದ ಹಾಗೆ. ಸ್ವಲ್ಪ ಭಾಗ ಅಂಗಡಿಯಿಂದಲೇ ಬರುತ್ತದೆ, ಉಳಿದದ್ದು ಐಜಿಡಿಬಿಯಂಥ ಸಾರ್ವಜನಿಕ ಮಾಹಿತಿ ಕೋಶಗಳಿಂದ. ಒಂದೇ ಹೆಸರಿನ ಎರಡು ಆಟ ಇದ್ದರೆ ತಪ್ಪು ಚೀಟಿ ಅಂಟಿಕೊಳ್ಳುವುದೂ ಉಂಟು. ಆಗ ಕೈಯಾರೆ ತಿದ್ದಬೇಕು.

ಮೆಟಾಡೇಟಾ ಸರಿಯಿದ್ದರೆ ಜರಡಿ ಹಿಡಿಯುವುದು ಸುಲಭ. ಅದಕ್ಕೆ ಅಲ್ಲಿನ ಹೆಸರು ಫಿಲ್ಟರ್. ಇಬ್ಬರು ಕೂತು ಆಡುವಂಥವು, ಡಿಸ್ಕಿಗೆ ಈಗಾಗಲೇ ಇಳಿಸಿರುವಂಥವು, ಇನ್ನೂ ಒಮ್ಮೆಯೂ ತೆರೆಯದಂಥವು ಅಂತ ಬೇಕಾದ ಹಾಗೆ ಸೋಸಬಹುದು. ಆಡಿ ಮುಗಿಸಿದ್ದು, ಅರ್ಧಕ್ಕೆ ಬಿಟ್ಟದ್ದು, ಮುಂದೆ ಆಡಬೇಕು ಅಂದುಕೊಂಡದ್ದು ಅಂತ ಗುರುತು ಹಾಕಿಡಬಹುದು. ಎರಡು ಅಂಗಡಿಯಲ್ಲಿರುವ ಒಂದೇ ಆಟ ಹೆಸರಿನ ಸಾಲಿನಲ್ಲಿ ಅಕ್ಕಪಕ್ಕ ಬಂದು ನಿಲ್ಲುತ್ತದೆ. ಹುಡುಗ ದುಡ್ಡು ಕೊಟ್ಟು ಕೊಂಡ ಆಟವೂ ಹಾಗೇ ಜೋಡಿಯಾಗಿ ನಿಂತಿತ್ತು. ಇಂಥ ಇನ್ನೂ ಮೂರು ಜೋಡಿ ಸಿಕ್ಕವು. ಒಂದೊಂದನ್ನು ಮರೆಮಾಡಿದೆವು. ಮರೆಮಾಡಿದರೆ ಪಟ್ಟಿಯಿಂದ ಕಾಣದಾಗುತ್ತದೆ ಅಷ್ಟೇ, ಖಾತೆಯಿಂದ ಅಳಿಸಿಹೋಗುವುದಿಲ್ಲ.

ಮಲೆನಾಡಿನವರಿಗೆ ಅನುಕೂಲವಾದ ಇನ್ನೊಂದು ವಿಷಯ. ಜೂನ್ ಬಂದರೆ ಆ ಕಡೆ ಇಂಟರ್ನೆಟ್ ಇದ್ದರೆ ಇತ್ತು, ಇಲ್ಲದಿದ್ದರೆ ಇಲ್ಲ. ಪ್ಲೇನೈಟ್‌ನ ಪಟ್ಟಿ ನಮ್ಮ ಕಂಪ್ಯೂಟರಿನಲ್ಲೇ ಕೂತಿರುವುದರಿಂದ ನೆಟ್ ಹೋದರೂ ಕಾಣುತ್ತದೆ. ಆಟ ತೆರೆಯುತ್ತದೋ ಇಲ್ಲವೋ ಅನ್ನುವುದು ಮಾತ್ರ ಆಯಾ ಅಂಗಡಿ ಮತ್ತು ಆಯಾ ಆಟಕ್ಕೆ ಬಿಟ್ಟದ್ದು. ಸ್ಟೀಮ್‌ನಲ್ಲಿ ಆಫ್‌ಲೈನ್ ಮೋಡ್ ಇದೆ, ನೆಟ್ ಇರುವಾಗಲೇ ಒಮ್ಮೆ ಲಾಗಿನ್ ಆಗಿರಬೇಕು. ಪಟ್ಟಿ ನಮ್ಮಲ್ಲೇ ಇದೆ ಅಂದಮೇಲೆ ಬ್ಯಾಕಪ್ ಕೂಡ ನಮ್ಮದೇ ಜವಾಬ್ದಾರಿ. ಸೆಟ್ಟಿಂಗ್ಸ್‌ನಲ್ಲಿ ಅದಕ್ಕೆ ಜಾಗ ಇದೆ. ಒಂದು ಪೆನ್‌ಡ್ರೈವ್‌ಗೆ ಹಾಕಿಟ್ಟರೆ ಸಾಕು.

ಬೇರೆ ಆಯ್ಕೆಗಳೂ ಇವೆ. ಆಟ ಎಲ್ಲ ಸ್ಟೀಮ್‌ನಲ್ಲೇ ಇದ್ದು ಹೊರಗಿನದು ಒಂದೆರಡು ಮಾತ್ರ ಅನ್ನುವವರಿಗೆ ಇದ್ಯಾವುದೂ ಬೇಡ. ಹೊರಗಿನ ಆಟ ಸೇರಿಸಿಕೊಳ್ಳುವ ದಾರಿ ಸ್ಟೀಮ್‌ನಲ್ಲೇ ಇದೆ. ಜಿಓಜಿಯವರ ಗ್ಯಾಲಕ್ಸಿ 2.0 ಕೂಡ ಎಲ್ಲ ಅಂಗಡಿಗಳನ್ನು ಒಂದು ಮಾಡಬೇಕು ಅಂತಲೇ 2019ರಲ್ಲಿ ಹೊರಟದ್ದು, ನೋಡಲು ಬಹಳ ಚಂದ. ಆದರೆ ಅದರ ಬೇರೆ ಅಂಗಡಿಗಳ ಕೊಂಡಿಗಳಲ್ಲಿ ಹೆಚ್ಚಿನವು ಬಳಕೆದಾರರೇ ಬರೆದವು. ಅಂಗಡಿಯವರು ತಮ್ಮ ಕಡೆ ಏನಾದರೂ ಬದಲಿಸಿದರೆ ಕೊಂಡಿ ಕಳಚುತ್ತದೆ. ಲಿನಕ್ಸ್‌ನಲ್ಲಿ ಎಪಿಕ್, ಜಿಓಜಿ ಆಟ ಆಡಬೇಕಾದರೆ ಹೀರೋಯಿಕ್ ಅನ್ನುವ ಲಾಂಚರ್ ಒಳ್ಳೆಯದು. ಯಾವುದನ್ನೇ ಹಾಕಿ, ಅದರದೇ ಅಧಿಕೃತ ತಾಣದಿಂದ ಇಳಿಸಿಕೊಳ್ಳಿ. ನಾಲ್ಕಾರು ಖಾತೆಗಳ ಬಾಗಿಲಿಗೆ ಕೈ ಹಾಕುವ ಪ್ರೋಗ್ರಾಮ್ ಇದು. ಯಾರೋ ಕಳಿಸಿದ ಲಿಂಕಿನಿಂದ ಸುಮ್ನೆ ತಂದು ಹಾಕುವುದು ಬೇಡ.

ಲಾಂಚರ್‌ಗೆ ಕನ್ನಡದಲ್ಲಿ ಏನನ್ನೋಣ ಅಂತ ನಾನೂ ಹುಡುಗನೂ ಸ್ವಲ್ಪ ಹೊತ್ತು ಹುಡುಕಿದೆವು. ‘ಉಡಾವಕ’ ಅಂದರೆ ಮತ್ತೆ ರಾಕೆಟ್ಟೇ ಬಂತು. ‘ಆಟದ ಕಪಾಟು’ ಚೆನ್ನಾಗಿತ್ತು, ಆದರೆ ಕಪಾಟಿನಲ್ಲಿ ವಸ್ತು ಒಳಗೇ ಇರುತ್ತದೆ, ಇಲ್ಲಿ ಇರುವುದಿಲ್ಲ. ಕೊನೆಗೆ ಅವನು “ಆಟದ ಲೆಕ್ಕದ ಪುಸ್ತಕ” ಅಂದ. ಹೆಸರು ಉದ್ದ ಆಯಿತು, ಅರ್ಥ ಸರಿಯಾಗಿತ್ತು.

ಮಲಗುವ ಹೊತ್ತಿಗೆ ಭಾವ ಬೀರುವಿನಿಂದ ಒಂದು ಸಿಡಿ ತಂದುಕೊಟ್ಟರು. ಕಾಲೇಜಿನಲ್ಲಿದ್ದಾಗ ಬೆಂಗಳೂರಿನ ಎಸ್‌ಪಿ ರಸ್ತೆಯಲ್ಲಿ ಕೊಂಡ ಕಾರ್ ರೇಸಿನ ಆಟ. ಹಳೆಯ ಸಿಡಿಗಳಲ್ಲಿ ಕೆಲವಕ್ಕೆ ಸೇಫ್‌ಡಿಸ್ಕ್ ಅನ್ನುವ ಬೀಗ ಇರುತ್ತಿತ್ತು. ವಿಂಡೋಸ್ 10 ಬಂದಮೇಲೆ ಆ ಬೀಗದ ಆಟಗಳು ತೆರೆಯುವುದೇ ಇಲ್ಲ. ಪುಣ್ಯಕ್ಕೆ ಇದರಲ್ಲಿ ಅದು ಇರಲಿಲ್ಲ. ಡಿಸ್ಕಿಗೆ ಹಾಕಿದೆವು, ಓಡಿತು. ಇದು ಯಾವ ಅಂಗಡಿಯ ಖಾತೆಯಲ್ಲೂ ಇಲ್ಲದ ಆಟ. ಹಾಗಾಗಿ ಪ್ಲೇನೈಟ್‌ನಲ್ಲಿ ಕೈಯಾರೆ ಸೇರಿಸಬೇಕು. ಹುಡುಗ ಹೆಸರು ಬರೆದ, ಫೈಲ್ ತೋರಿಸಿದ, ಸಿಡಿಯ ಹೊದಿಕೆಯ ಫೋಟೋ ತೆಗೆದು ಹಾಕಿದ. ಆಟ ಎಲ್ಲಿಂದ ಬಂತು ಅಂತ ಬರೆಯಲು ಅಲ್ಲಿ ಒಂದು ಜಾಗ ಇದೆ. ಉಳಿದವಕ್ಕೆಲ್ಲ ಅಲ್ಲಿ ಸ್ಟೀಮ್, ಎಪಿಕ್ ಅಂತ ತಾನಾಗಿಯೇ ಬಂದಿತ್ತು. ಅವನು ಆ ಜಾಗದಲ್ಲಿ ‘ಅಪ್ಪನ ಬೀರು’ ಅಂತ ಬರೆದ.