ಎಂ 31, ಎನ್‌ಜಿಸಿ 5139: ಆಕಾಶದ ಈ ನಂಬರುಗಳ ಅರ್ಥವೇನು?

ಮೊಬೈಲಿನ ಆಕಾಶನಕ್ಷೆಯನ್ನು ಮಹಾವ್ಯಾಧ (ಒರಾಯನ್) ನಕ್ಷತ್ರಪುಂಜದ ಕಡೆಗೆ ಹಿಡಿದರೆ, ನಡುಪಟ್ಟಿಯ ಮೂರು ನಕ್ಷತ್ರಗಳಿಗೆ ತುಸು ದಕ್ಷಿಣದಲ್ಲಿ ‘ಎಂ 42’ ಎಂದು ಮೂಡುತ್ತದೆ. ಕೃತ್ತಿಕೆಯ ಪಕ್ಕದಲ್ಲಿ ‘ಎಂ 45’. ದೇವಯಾನಿಯಲ್ಲಿ ‘ಎಂ 31’. ಮಾಳಿಗೆಯ ಮೇಲೆ ಬೈನಾಕ್ಯುಲರ್ ಹಿಡಿದು ಅಕ್ಕಪಕ್ಕದ ಮಕ್ಕಳಿಗೆ ಇವನ್ನು ತೋರಿಸುವಾಗಲೆಲ್ಲ ಒಂದು ಪ್ರಶ್ನೆ ಬಂದೇ ಬರುತ್ತದೆ: “ಅಂಕಲ್, ಎಂ ಅಂದ್ರೆ ಮೂನಾ?”

ಅಲ್ಲ. ಅದು ಒಬ್ಬ ಮನುಷ್ಯನ ಹೆಸರಿನ ಮೊದಲ ಅಕ್ಷರ. ಷಾರ್ಲ್ ಮೆಸ್ಸಿಯೇ 1730ರಲ್ಲಿ ಫ್ರಾನ್ಸಿನ ಪೂರ್ವಭಾಗದ ಲೊರೇನ್ ಸೀಮೆಯಲ್ಲಿ ಹುಟ್ಟಿ, ಪ್ಯಾರಿಸ್ಸಿಗೆ ಬಂದು, ನೌಕಾಪಡೆಯ ವೀಕ್ಷಣಾಲಯದಲ್ಲಿ ಕೆಲಸಕ್ಕೆ ಸೇರಿದವನು. ಅವನಿಗೆ ಬೇಕಾಗಿದ್ದದ್ದು ಧೂಮಕೇತುಗಳು. ದೂರದಲ್ಲಿರುವ ಧೂಮಕೇತುವಿಗೆ ಬಾಲ ಕಾಣುವುದಿಲ್ಲ, ದೂರದರ್ಶಕದಲ್ಲಿ ಅದು ಗಾಜಿನ ಮೇಲೆ ಉಸಿರು ಬಿಟ್ಟಂಥ ಒಂದು ಮಸುಕು ಕಲೆ, ಅಷ್ಟೆ. 1758ರಲ್ಲಿ ಹೀಗೇ ಒಂದು ಧೂಮಕೇತುವಿನ ಬೆನ್ನು ಹತ್ತಿದ್ದಾಗ ವೃಷಭದ ಕೊಂಬಿನ ತುದಿಯ ಬಳಿ ಅಂಥದ್ದೇ ಇನ್ನೊಂದು ಕಲೆ ಅವನ ಕಣ್ಣಿಗೆ ಬಿತ್ತು. ಧೂಮಕೇತುವಾದರೆ ದಿನದಿಂದ ದಿನಕ್ಕೆ ನಕ್ಷತ್ರಗಳ ನಡುವೆ ಸರಿಯಬೇಕು. ಇದು ಇದ್ದಲ್ಲೇ ಇತ್ತು. ಇನ್ನೊಬ್ಬರು ಮೋಸಹೋಗದಿರಲಿ ಎಂದು ಅದರ ಸ್ಥಾನ ಬರೆದಿಟ್ಟ. ಮುಂದೆ ಅದೇ ‘ಎಂ 1’ ಆಯಿತು. 1774ರಲ್ಲಿ ಅಚ್ಚಾದ ಮೊದಲ ಪಟ್ಟಿಯಲ್ಲಿ 45 ವಸ್ತುಗಳಿದ್ದವು, 1781ರ ಹೊತ್ತಿಗೆ 103. ಮೆಸ್ಸಿಯೇ ಮತ್ತು ಅವನ ಒಡನಾಡಿ ಪಿಯರ್ ಮೆಶೇನ್ ನೋಡಿದ್ದರೂ ಪಟ್ಟಿ ಸೇರದೆ ಉಳಿದಿದ್ದ ಏಳನ್ನು 20ನೇ ಶತಮಾನದವರು ಸೇರಿಸಿ ಈಗ 110 ಆಗಿದೆ.

ಆಕಾಶಪ್ರಿಯರೆಲ್ಲ ಇಂದು ಹುಡುಕಿಕೊಂಡು ಹೋಗುವ ಈ ಪಟ್ಟಿ ಹುಟ್ಟಿದ್ದು ‘ಇಲ್ಲಿ ಹುಡುಕಬೇಡಿ’ ಎಂದು ಹೇಳುವುದಕ್ಕೆ.

ಈ ವಸ್ತುಗಳಿಗೆಲ್ಲ ಸೇರಿ ಹವ್ಯಾಸಿಗಳು ಬಳಸುವ ಮಾತು ‘ಡೀಪ್ ಸ್ಕೈ’. ನಮ್ಮ ಸೌರಮಂಡಲಕ್ಕೆ ಸೇರದ, ಒಂಟಿ ನಕ್ಷತ್ರವೂ ಅಲ್ಲದ ಎಲ್ಲವೂ ಅದರೊಳಗೆ ಬರುತ್ತದೆ. ಒಂದೇ ಮೋಡದಿಂದ ಹುಟ್ಟಿ ಇನ್ನೂ ಜೊತೆಯಲ್ಲೇ ಇರುವ ನಕ್ಷತ್ರಗಳ ಸಡಿಲ ಗುಂಪು ಮುಕ್ತಗುಚ್ಛ. ಕೃತ್ತಿಕೆ ಅಂಥದ್ದು, ಪುಷ್ಯದ ಬಳಿಯ ಎಂ 44 ಕೂಡ. ಲಕ್ಷಗಟ್ಟಲೆ ಮುದಿ ನಕ್ಷತ್ರಗಳು ಚೆಂಡಿನ ಹಾಗೆ ಒತ್ತಿಕೊಂಡಿದ್ದರೆ ಗೋಳಗುಚ್ಛ. ಅನಿಲ ಮತ್ತು ದೂಳಿನ ಮೋಡ ನೀಹಾರಿಕೆ. ಇವೆಲ್ಲವನ್ನೂ ಕೋಟಿ ಕೋಟಿ ನಕ್ಷತ್ರಗಳೊಂದಿಗೆ ಒಡಲಲ್ಲಿಟ್ಟುಕೊಂಡದ್ದು ಗೆಲಾಕ್ಸಿ.

ಮೆಸ್ಸಿಯೇಗೆ ಈ ವಿಂಗಡಣೆ ಗೊತ್ತಿರಲಿಲ್ಲ. ಅವನ ದೂರದರ್ಶಕಗಳು ಇಂದು ಹವ್ಯಾಸಿಗಳು ಅಂಗಡಿಯಲ್ಲಿ ಕೊಳ್ಳುವ ಸಣ್ಣವಕ್ಕೆ ಸಮ. ಎಂ 13ನ್ನು ನೋಡಿ ‘ನಕ್ಷತ್ರವಿಲ್ಲದ ನೀಹಾರಿಕೆ’ ಎಂದು ಬರೆದುಕೊಂಡ. ಅದು ಲಕ್ಷಗಟ್ಟಲೆ ನಕ್ಷತ್ರಗಳ ಗೋಳಗುಚ್ಛ. ಅವನ ಪಟ್ಟಿಯಲ್ಲಿ ಎಂ 42ಕ್ಕೂ ಎಂ 31ಕ್ಕೂ ಒಂದೇ ಬಗೆಯ ಜಾಗ. ಮೊದಲನೆಯದು ಸುಮಾರು 1,300 ಜ್ಯೋತಿರ್ವರ್ಷ ದೂರದಲ್ಲಿ ನಕ್ಷತ್ರಗಳು ಹುಟ್ಟುತ್ತಿರುವ ಮೋಡ. ಎರಡನೆಯದು 25 ಲಕ್ಷ ಜ್ಯೋತಿರ್ವರ್ಷ ದೂರದ ಪೂರಾ ಗೆಲಾಕ್ಸಿ. ಎಂ 1 ಮೂರನೆಯದೇ ಕಥೆ: 1054ರಲ್ಲಿ ಚೀನಾದವರು ಕಂಡು ಬರೆದಿಟ್ಟ ಸೂಪರ್‌ನೋವಾದ, ಅಂದರೆ ಸಿಡಿದುಹೋದ ನಕ್ಷತ್ರದ, ಅವಶೇಷ. ಎಂ 40 ಅಂತೂ ಎರಡು ಬಿಡಿ ನಕ್ಷತ್ರಗಳು. ಹಳಬರೊಬ್ಬರು ಹೇಳಿದ್ದ ನೀಹಾರಿಕೆಯನ್ನು ಹುಡುಕಿಹೋದ ಮೆಸ್ಸಿಯೇಗೆ ಅಲ್ಲಿ ಸಿಕ್ಕಿದ್ದು ಅಷ್ಟೇ, ಅದನ್ನೂ ಪ್ರಾಮಾಣಿಕವಾಗಿ ಬರೆದಿಟ್ಟ.

ಇಷ್ಟು ಬೆರಕೆಯಾದ ಪಟ್ಟಿ ಎರಡೂವರೆ ಶತಮಾನ ಉಳಿದದ್ದು ಹೇಗೆ? ನನಗೆ ಕಾಣುವ ಕಾರಣ ಇದು: ನಂಬರು ‘ಅದು ಏನು’ ಎಂದು ಹೇಳಲು ಹೋಗುವುದಿಲ್ಲ. ‘ಅಲ್ಲಿ ಒಂದಿದೆ’ ಎನ್ನುತ್ತದೆ, ಅಷ್ಟೆ. 1923ರ ಅಕ್ಟೋಬರಿನಲ್ಲಿ ಎಡ್ವಿನ್ ಹಬಲ್ ದೇವಯಾನಿಯ ನೀಹಾರಿಕೆಯ ಛಾಯಾಫಲಕವೊಂದರಲ್ಲಿ ಹೊಳಪು ಏರಿಳಿಯುವ ಸೆಫೀಡ್ ನಕ್ಷತ್ರವನ್ನು ಗುರುತಿಸಿದ. ಅದರ ಸಹಾಯದಿಂದ ದೂರ ಲೆಕ್ಕ ಹಾಕಿದಾಗ ಆ ‘ನೀಹಾರಿಕೆ’ ನಮ್ಮ ಆಕಾಶಗಂಗೆಯ ಆಚೆಗಿನದು ಎಂದು ತಿಳಿಯಿತು. ವಿಶ್ವದ ಅಳತೆಯೇ ಬದಲಾಯಿತು. ‘ದೇವಯಾನಿ ನೀಹಾರಿಕೆ’ ಎಂಬ ಹೆಸರನ್ನು ತಿದ್ದಬೇಕಾಯಿತು. ಎಂ 31 ಎಂಬುದನ್ನು ಯಾರೂ ಮುಟ್ಟಬೇಕಾಗಲಿಲ್ಲ.

ಇದಕ್ಕೆ ತದ್ವಿರುದ್ಧವಾದ ಉದಾಹರಣೆ ವಿಲಿಯಂ ಹರ್ಷೆಲ್‌ನದು. ಇಂಗ್ಲೆಂಡಿನಲ್ಲಿ ತನ್ನ ದೊಡ್ಡ ದೂರದರ್ಶಕದ ಮುಂದೆ ಅವನು, ಟಿಪ್ಪಣಿ ಬರೆದುಕೊಳ್ಳಲು ತಂಗಿ ಕ್ಯಾರೊಲಿನ್. ಹೀಗೆ ರಾತ್ರಿ ರಾತ್ರಿ ಎದ್ದು ಕೂತು, 1786ರಿಂದ 1802ರೊಳಗೆ 2,500 ವಸ್ತುಗಳ ಪಟ್ಟಿ ಹೊರತಂದರು. ಮೆಸ್ಸಿಯೇಯದಕ್ಕಿಂತ ಅದೆಷ್ಟೋ ಪಾಲು ಮಿಗಿಲಾದ ಕೆಲಸ. ಆದರೆ ಹರ್ಷೆಲ್ ತನ್ನ ನಂಬರಿನೊಳಗೇ ವರ್ಗವನ್ನು ಸೇರಿಸಿದ: ಉಜ್ವಲ ನೀಹಾರಿಕೆಗಳು ಒಂದನೇ ವರ್ಗ, ಗ್ರಹದ ಬಿಲ್ಲೆಯಂತೆ ಕಂಡವು ನಾಲ್ಕನೇ ವರ್ಗ, ಹೀಗೆ ಎಂಟು. ಆ ನಾಲ್ಕನೇ ವರ್ಗದಲ್ಲಿ ಸಾಯುತ್ತಿರುವ ನಕ್ಷತ್ರ ಕಳಚಿಬಿಟ್ಟ ಅನಿಲದ ಪೊರೆಗಳೂ ಇವೆ, ಡಿಕ್ಕಿ ಹೊಡೆಯುತ್ತಿರುವ ಎರಡು ಗೆಲಾಕ್ಸಿಗಳೂ ಇವೆ! ವರ್ಗ ಸುಳ್ಳಾದ ಮೇಲೆ ನಂಬರೂ ಬಳಕೆಯಿಂದ ಬಿದ್ದುಹೋಯಿತು. ‘ಗ್ರಹೀಯ ನೀಹಾರಿಕೆ’ ಎಂಬ ಪದ ಮಾತ್ರ ಇನ್ನೂ ಉಳಿದು, ಅದಕ್ಕೂ ಗ್ರಹಗಳಿಗೂ ಸಂಬಂಧವಿಲ್ಲವೆಂದು ನಾವು ಪ್ರತಿ ಸಲ ಹೇಳಬೇಕಾಗಿದೆ.

ಎನ್‌ಜಿಸಿ ಈ ತೊಡಕನ್ನು ಬಿಡಿಸಿದ ಪಟ್ಟಿ. ಪೂರ್ತಿ ಹೆಸರು ನ್ಯೂ ಜನರಲ್ ಕ್ಯಾಟಲಾಗ್. ಡೆನ್ಮಾರ್ಕಿನಲ್ಲಿ ಹುಟ್ಟಿ ಐರ್ಲೆಂಡಿನ ಆರ್ಮಾ ವೀಕ್ಷಣಾಲಯದಲ್ಲಿದ್ದ ಜಾನ್ ಡ್ರೇಯರ್, ಹರ್ಷೆಲ್ ಮನೆತನದ ಪಟ್ಟಿಗಳನ್ನೂ ಉಳಿದವರು ಕಂಡದ್ದನ್ನೂ ಒಂದುಗೂಡಿಸಿ 1888ರಲ್ಲಿ ಪ್ರಕಟಿಸಿದ. 7,840 ವಸ್ತುಗಳು. ಜೋಡಿಸಿದ್ದು ವರ್ಗದಂತೆಯೂ ಅಲ್ಲ, ಕಂಡವರ ಹೆಸರಿನಂತೆಯೂ ಅಲ್ಲ. ಭೂಮಿಗೆ ರೇಖಾಂಶ ಇರುವಂತೆ ಆಕಾಶಕ್ಕೂ ವಿಷುವದಂಶ ಎಂಬ ಅಳತೆ ಇದೆ, ಆ ಕ್ರಮದಲ್ಲಿ. ಹಾಗಾಗಿ ಎನ್‌ಜಿಸಿ ನಂಬರು ನೋಡಿದರೆ ಋತು ಗೊತ್ತಾಗುತ್ತದೆ. ರಾತ್ರಿ ಒಂಬತ್ತರ ಸುಮಾರಿಗೆ ಎತ್ತರದಲ್ಲಿರುವುದು ಯಾವುದೆಂದು ಲೆಕ್ಕ ಇಡಿ: ದೇವಯಾನಿ ಗೆಲಾಕ್ಸಿ ಎನ್‌ಜಿಸಿ 224, ಅದು ನವೆಂಬರಿಗೆ. ಮಹಾವ್ಯಾಧನ ನೀಹಾರಿಕೆ 1976, ಜನವರಿ ಕೊನೆಗೆ. 5,000 ದಾಟಿದವು ಮೇ-ಜೂನ್‌ನಲ್ಲಿ, 7,000ದ ಸುತ್ತಿನವು ಸೆಪ್ಟೆಂಬರಿನಲ್ಲಿ. ಇದನ್ನು ತಿಳಿದ ದಿನದಿಂದ ನಾನು ನಂಬರುಗಳನ್ನು ಪಂಚಾಂಗದ ಹಾಗೆ ಓದತೊಡಗಿದೆ.

ಒಂದೇ ವಸ್ತುವಿಗೆ ಎರಡು ಮೂರು ನಂಬರು ಇದ್ದರೆ ಗಾಬರಿಯಾಗಬೇಕಿಲ್ಲ. ಎಂ 31, ಎನ್‌ಜಿಸಿ 224 ಎರಡೂ ಒಂದೇ. ಡ್ರೇಯರ್ ಆಮೇಲೆ ಹೊರತಂದ ಎರಡು ಪುರವಣಿಗಳ ನಂಬರುಗಳಿಗೆ ‘ಐಸಿ’ ಎಂದು ಇರುತ್ತದೆ. ‘ಸಿ’ ಎಂದು ಇದ್ದರೆ, ಮೆಸ್ಸಿಯೇ ಬಿಟ್ಟ ಸೊಗಸಾದ ವಸ್ತುಗಳನ್ನು ಆರಿಸಿ ಪ್ಯಾಟ್ರಿಕ್ ಮೂರ್ 1995ರಲ್ಲಿ ಮಾಡಿದ ಕಾಲ್ಡ್‌ವೆಲ್ ಪಟ್ಟಿ.

ಮೆಸ್ಸಿಯೇ ಬಿಟ್ಟದ್ದಕ್ಕೆ ಒಂದು ಮುಖ್ಯ ಕಾರಣ ಅವನ ಊರು. ಪ್ಯಾರಿಸ್ ಇರುವುದು ಸುಮಾರು 49 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ, ದಕ್ಷಿಣದ ಆಕಾಶದ ದೊಡ್ಡ ಪಾಲು ಅಲ್ಲಿಂದ ಕಾಣುವುದೇ ಇಲ್ಲ. ಬೆಂಗಳೂರು 13 ಡಿಗ್ರಿಯಲ್ಲಿದೆ. ಅವನ 110ರಲ್ಲಿ ಪ್ರತಿಯೊಂದೂ ನಮ್ಮಲ್ಲಿ ಹುಟ್ಟಿ ಮುಳುಗುತ್ತದೆ. ಅದರ ಮೇಲೆ, ಅವನು ಪ್ಯಾರಿಸ್ಸಿನಿಂದ ಎಂದೂ ನೋಡಲಾಗದ್ದು ನಮಗೆ ದಿಗಂತದಿಂದ 30 ಡಿಗ್ರಿಯಷ್ಟು ಮೇಲೆ ಸಿಗುತ್ತದೆ: ಎನ್‌ಜಿಸಿ 5139, ಆಕಾಶದ ಅತಿ ಪ್ರಕಾಶಮಾನ ಗೋಳಗುಚ್ಛ. ಟಾಲೆಮಿಯ ಕಾಲದಲ್ಲಿ ಇದನ್ನು ನಕ್ಷತ್ರ ಎಂದೇ ಎಣಿಸಿದ್ದರು, 1603ರಲ್ಲಿ ಜರ್ಮನಿಯ ನಕ್ಷತ್ರನಕ್ಷೆಗಾರ ಬೇಯರ್ ನಕ್ಷತ್ರಕ್ಕೆ ಕೊಡುವಂತೆಯೇ ಒಮೇಗಾ ಎಂಬ ಗ್ರೀಕ್ ಅಕ್ಷರ ಕೊಟ್ಟ. ಹಾಗಾಗಿ ಇಂದಿಗೂ ಒಮೇಗಾ ಸೆಂಟಾರಿ. ಸೇಂಟ್ ಹೆಲೆನಾ ದ್ವೀಪಕ್ಕೆ ಹೋಗಿದ್ದ ಎಡ್ಮಂಡ್ ಹ್ಯಾಲಿ 1677ರಲ್ಲಿ ಇದು ನಕ್ಷತ್ರವಲ್ಲ ಎಂದು ಕಂಡುಕೊಂಡ. ಈಗ ಅನೇಕ ವಿಜ್ಞಾನಿಗಳು ಇದನ್ನು ಗೋಳಗುಚ್ಛಕ್ಕಿಂತ, ಆಕಾಶಗಂಗೆ ನುಂಗಿದ ಪುಟ್ಟ ಗೆಲಾಕ್ಸಿಯೊಂದರ ಉಳಿದ ತಿರುಳು ಎಂದೇ ಭಾವಿಸುತ್ತಾರೆ. 5139 ಮಾತ್ರ 5139.

ಹುಡುಕುವುದು ಸುಲಭ, ಏಕೆಂದರೆ ಚಿತ್ತಾ ನಕ್ಷತ್ರ ಮತ್ತು ಇದು ಹೆಚ್ಚುಕಡಿಮೆ ಒಂದೇ ವಿಷುವದಂಶದಲ್ಲಿವೆ. ಮೇ ಮಧ್ಯದಲ್ಲಿ, ಮಳೆಮೋಡ ಇಲ್ಲದ ರಾತ್ರಿ ಹತ್ತರ ಹೊತ್ತಿಗೆ, ದಕ್ಷಿಣಕ್ಕೆ ಮುಖ ಮಾಡಿ. ಚಿತ್ತಾ ಎತ್ತರದಲ್ಲಿರುತ್ತದೆ. ಕೈ ಚಾಚಿ ಮುಷ್ಟಿ ಹಿಡಿದು, ಅಲ್ಲಿಂದ ನೇರ ಕೆಳಗೆ ಮೂರೂವರೆ ಮುಷ್ಟಿ ಇಳಿಯಿರಿ. ಊರ ದೀಪಗಳಿಂದ ದೂರವಿದ್ದರೆ ಬರಿಗಣ್ಣಿಗೇ ಒಂದು ಮಂಕು ನಕ್ಷತ್ರದಂತೆ ಕಾಣುತ್ತದೆ. ಬೈನಾಕ್ಯುಲರ್ ಎತ್ತಿ, ಮೊಣಕೈಯನ್ನು ಪ್ಯಾರಾಪೆಟ್ ಗೋಡೆಗೆ ಊರಿ. ಸುತ್ತಲ ನಕ್ಷತ್ರಗಳು ಚುಕ್ಕಿಯಾಗಿಯೇ ಉಳಿಯುತ್ತವೆ, ಇದೊಂದು ಮಾತ್ರ ನಡುವೆ ದಟ್ಟ, ಅಂಚಿನಲ್ಲಿ ಕರಗುವ ದುಂಡನೆಯ ಹಿಟ್ಟಿನ ಉಂಡೆಯ ಹಾಗೆ ಅರಳಿಕೊಳ್ಳುತ್ತದೆ. ಅದರಲ್ಲಿರುವ ನಕ್ಷತ್ರಗಳು ಸುಮಾರು ಒಂದು ಕೋಟಿ, ನಿಮ್ಮ ಕಣ್ಣಿಗೆ ಬಿದ್ದ ಬೆಳಕು ಅಲ್ಲಿಂದ ಹೊರಟು ಸುಮಾರು 17,000 ವರ್ಷ ಆಗಿದೆ.