ಓದುಗರ ಪ್ರಶ್ನೆ: ‘ಡಿಎಲ್‌ಎಲ್ ಫೈಲ್ ಇಲ್ಲ ಅಂತ ಬರ್ತಿದೆ, ಎಲ್ಲಿಂದ ಡೌನ್‌ಲೋಡ್ ಮಾಡಲಿ?’

ಯಲ್ಲಾಪುರದಿಂದ ಕುಮಟೆಯವರೆಗೆ ವಾರಕ್ಕೆ ಒಬ್ಬರಾದರೂ ಇದನ್ನು ಕೇಳುತ್ತಾರೆ. ಡಿಎಲ್‌ಎಲ್ ಅಂದರೆ ಸಾಫ್ಟ್‌ವೇರ್‌ಗಳು ಓಡುವಾಗ ಕರೆದು ಬಳಸುವ ಕೋಡ್ ಇರುವ ಫೈಲ್. ಬಿಲ್ಲಿಂಗ್ ಸಾಫ್ಟ್‌ವೇರ್ ತೆರೆಯಲು ಹೋದರೆ ‘ಎಂಎಸ್‌ವಿಸಿಪಿ140 ಡಿಎಲ್‌ಎಲ್ ಸಿಗಲಿಲ್ಲ’ ಅನ್ನುವ ಮೆಸೇಜ್. ಉತ್ತರ ಮೊದಲೇ ಹೇಳಿಬಿಡುತ್ತೇನೆ: ಆ ಫೈಲನ್ನು ಎಲ್ಲಿಂದಲೂ ಇಳಿಸಬೇಡಿ. ಅದು ಯಾರದ್ದು ಅಂತ ಗುರುತಿಸಿ, ಅವರ ಪ್ಯಾಕೇಜ್ ಇನ್‌ಸ್ಟಾಲ್ ಮಾಡಿ.

ಗುರುತಿಸೋದು ಕಷ್ಟವಲ್ಲ. ಕರ್ನಲ್32, ಯೂಸರ್32 ಇವೆಲ್ಲ ವಿಂಡೋಸ್‌ನದ್ದೇ. ಕೆಟ್ಟರೆ ಅಡ್ಮಿನ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ‘ಎಸ್‌ಎಫ್‌ಸಿ ಸ್ಕ್ಯಾನ್‌ನೌ’ (sfc /scannow) ಓಡಿಸಿ, ವಿಂಡೋಸ್ ತನ್ನ ಫೈಲ್‌ಗಳನ್ನು ತಾನೇ ಪರೀಕ್ಷಿಸಿ ಸರಿಪಡಿಸುತ್ತದೆ. ಎಂಎಸ್‌ವಿಸಿಪಿ, ವಿಸಿರನ್‌ಟೈಮ್ ಅಂತ ಶುರುವಾಗುವವು ಮೈಕ್ರೋಸಾಫ್ಟ್‌ನ ವಿಷುಯಲ್ ಸಿ ಪ್ಲಸ್ ಪ್ಲಸ್ ಪ್ಯಾಕೇಜಿನವು. ಹೆಸರಿನ ಕೊನೆಯ ಅಂಕಿಯೇ ಅದರ ಕಾಲ ಹೇಳುತ್ತದೆ: 100 ಇದ್ದರೆ 2010, 120 ಇದ್ದರೆ 2013, 140 ಇದ್ದರೆ 2015 ಮತ್ತು ನಂತರದ್ದು. ಉಳಿದವು ಹೆಚ್ಚಾಗಿ ಆಯಾ ಸಾಫ್ಟ್‌ವೇರ್‌ನ ಸ್ವಂತದ್ದು, ಅದರದೇ ಫೋಲ್ಡರ್‌ನಲ್ಲಿ ಇರುತ್ತವೆ. ಅನುಮಾನ ಬಂದರೆ ಫೈಲ್ ಮೇಲೆ ರೈಟ್ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ನಲ್ಲಿ ಡೀಟೇಲ್ಸ್ ನೋಡಿ. ಡಿಜಿಟಲ್ ಸಿಗ್ನೇಚರ್ಸ್ ಟ್ಯಾಬ್ ಕಾಣದಿದ್ದರೆ ಹೆದರಬೇಡಿ. ವಿಂಡೋಸ್‌ನ ಎಷ್ಟೋ ಫೈಲ್‌ಗಳ ಸಹಿ ಬೇರೆ ಕೆಟಲಾಗ್ ಫೈಲ್‌ನಲ್ಲಿ ಇರುತ್ತದೆ.

ಈಗ ಎಷ್ಟು ಹೇಳಿದರೂ ಹೋಗದ ಆ ನಂಬಿಕೆಗೆ ಬರೋಣ. ‘ಹೆಸರು ಒಂದೇ ತಾನೆ, ಇಳಿಸಿ ವಿಂಡೋಸ್‌ನ ಸಿಸ್ಟಮ್32 ಫೋಲ್ಡರ್‌ಗೆ ಹಾಕಿದರೆ ಆಯ್ತು.’ ಆಗೋದಿಲ್ಲ! ಕಳೆದ ಮಳೆಗಾಲದಲ್ಲಿ ಶಿರಸಿಯ ಅಡಿಕೆ ವ್ಯಾಪಾರಿಯೊಬ್ಬರ ಕಂಪ್ಯೂಟರ್ ನನ್ನ ಮುಂದೆ ಬಂತು. ಅಂಗಡಿಯ ಹುಡುಗ ಇದನ್ನೇ ಮಾಡಿದ್ದ. ಫೈಲ್ ಇಲ್ಲ ಅನ್ನುವ ಮೆಸೇಜ್ ಹೋಗಿತ್ತು, ಅದರ ಜಾಗದಲ್ಲಿ 7ಬಿ ಅಂತ ಮುಗಿಯುವ ಉದ್ದನೆಯ ಎರರ್ ನಂಬರ್ ಬಂದಿತ್ತು. ‘ಸರ್, ಫೈಲ್ ಅಲ್ಲೇ ಇದೆಯಲ್ಲ’ ಅಂದ.

ಇತ್ತು, ನಿಜ. ಆದರೆ ಅಡಿಕೆ ಚೀಲದ ಮೇಲೆ ಚಾಲಿ (ಒಣಗಿಸಿ ಸುಲಿದ ಅಡಿಕೆ) ಅಂತ ಬರೆದಿದ್ದಕ್ಕೇ ಯಾರಾದರೂ ದರ ಹಾಕುತ್ತಾರಾ? ಕೈ ಹಾಕಿ ತೆಗೆದು ನೋಡುತ್ತಾರೆ, ಅಲ್ವಾ? ಹಾಗೇ ಆ ಫೈಲನ್ನು ನೋಟ್‌ಪ್ಯಾಡ್‌ನಲ್ಲಿ ತೆರೆದು ತೋರಿಸಿದೆ. ಮೊದಲ ಎರಡು ಅಕ್ಷರ ಎಂ, ಝಡ್. ವಿಂಡೋಸ್‌ಗೂ ಮುಂಚಿನ ಡಾಸ್ ಕಾಲದಲ್ಲಿ ಈ ಫೈಲ್ ರೂಪ ಮಾಡಿದ ಮೈಕ್ರೋಸಾಫ್ಟ್‌ನ ಮಾರ್ಕ್ ಝ್ಬಿಕೋವ್‌ಸ್ಕಿಯ ಹೆಸರಿನ ಮೊದಲಕ್ಷರಗಳು ಅವು. ಇನ್ನೂ ಕೆಳಗೆ ಪಿ, ಇ. ಅದಾದ ಮೇಲೆ ಇಂಗ್ಲಿಷಿನ ದೊಡ್ಡ ಎಲ್ ಇದ್ದರೆ 32 ಬಿಟ್, ಸಣ್ಣ ಡಿ ಇದ್ದರೆ 64 ಬಿಟ್. ಇವು ಸಾಫ್ಟ್‌ವೇರ್‌ನ ಎರಡು ಬಗೆ, ಒಂದರ ಡಿಎಲ್‌ಎಲ್ ಇನ್ನೊಂದಕ್ಕೆ ಹೊಂದುವುದಿಲ್ಲ. ಅವನು ತಂದಿದ್ದರಲ್ಲಿ ಎಲ್ ಇತ್ತು, ಅವರ ಸಾಫ್ಟ್‌ವೇರ್ 64 ಬಿಟ್‌ನದ್ದು. ಹೆಸರು ಅದೇ, ಒಳಗಿನ ಮಾಲು ಬೇರೆ. (ನೋಡಿದ ಮೇಲೆ ಸೇವ್ ಮಾಡದೆ ಮುಚ್ಚಿ, ಸೇವ್ ಮಾಡಿದರೆ ಫೈಲ್ ಕೆಡುತ್ತದೆ.)

ಬಿಟ್ ಸರಿ ಇದ್ದರೂ ಕೆಲಸ ಆಗುತ್ತಿರಲಿಲ್ಲ. ಎಂಎಸ್‌ವಿಸಿಪಿ140ಕ್ಕೆ ವಿಸಿರನ್‌ಟೈಮ್140 ಬೇಕು. ಒಂದನ್ನು ತಂದು ಹಾಕಿದರೆ ಅದು ಇನ್ನೊಂದನ್ನು ಕೇಳುತ್ತದೆ. ಪ್ಯಾಕೇಜ್ ಆದರೆ ಎಲ್ಲವನ್ನೂ ಒಟ್ಟಿಗೆ ತರುತ್ತದೆ. ಗೊತ್ತಿಲ್ಲದ ಸೈಟಿನ ಫೈಲ್‌ಗೆ ಯಾರೋ ವೈರಸ್ ಸೇರಿಸಿದ್ದರೆ, ನೀವೇ ಅದನ್ನು ಮನೆಯ ಒಳಕೋಣೆಗೆ ಕರೆದುಕೊಂಡು ಹೋದ ಹಾಗೆ. ‘ರೆಗ್‌ಎಸ್‌ವಿಆರ್32 (ಡಿಎಲ್‌ಎಲ್ ಅನ್ನು ವಿಂಡೋಸ್‌ನಲ್ಲಿ ರಿಜಿಸ್ಟರ್ ಮಾಡುವ ಕಮಾಂಡ್) ಓಡಿಸಿ’ ಅನ್ನುವ ಸಲಹೆಯೂ ಇಲ್ಲಿ ಸುಮ್ನೆ. ತನ್ನನ್ನು ರಿಜಿಸ್ಟರ್ ಮಾಡಿಕೊಳ್ಳುವ ಕೋಡ್ ಒಳಗೇ ಇರುವ ಫೈಲ್‌ಗಳಿಗೆ ಮಾತ್ರ ಅದು. ಎಂಎಸ್‌ವಿಸಿಪಿ140ರಲ್ಲಿ ಅದಿಲ್ಲ.

ಯಾರೂ ಕೇಳಿಲ್ಲ, ಆದರೂ ಹೇಳುತ್ತೇನೆ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರ್‌ನಲ್ಲಿರುವುದು 64 ಬಿಟ್ ಫೈಲ್‌ಗಳು! 32 ಬಿಟ್‌ನವು ಇರುವುದು ಸಿಸ್‌ವಾವ್64ರಲ್ಲಿ. ಹಳೆಯ ಸಾಫ್ಟ್‌ವೇರ್‌ಗಳ ಕೋಡ್‌ನೊಳಗೆ ‘ಸಿಸ್ಟಮ್32’ ಅಂತಲೇ ಬರೆದಿತ್ತು. ಅವನ್ನು 64 ಬಿಟ್‌ಗೆ ತರುವಾಗ ದಾರಿ ತಪ್ಪಬಾರದು ಅಂತ ಹೆಸರು ಹಾಗೇ ಉಳಿಸಿಕೊಂಡರು. 32 ಬಿಟ್ ಸಾಫ್ಟ್‌ವೇರ್ ಸಿಸ್ಟಮ್32 ಕೇಳಿದರೆ ವಿಂಡೋಸ್ ಸದ್ದಿಲ್ಲದೆ ಅದನ್ನು ಸಿಸ್‌ವಾವ್64ಗೆ ಕಳಿಸುತ್ತದೆ. ಹೆಸರಿನ ಹಿಂದೆ ಹೋದ ಹುಡುಗ ತಪ್ಪಿದ್ದು ಇಲ್ಲೇ.

ಹಾಗಾಗಿ ಮೈಕ್ರೋಸಾಫ್ಟ್ ಸೈಟಿನಿಂದ ವಿಷುಯಲ್ ಸಿ ಪ್ಲಸ್ ಪ್ಲಸ್‌ನ ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಎರಡೂ ಪ್ಯಾಕೇಜ್ ಹಾಕಿಕೊಳ್ಳಿ, ಒಂದಕ್ಕೊಂದು ಅಡ್ಡ ಬರುವುದಿಲ್ಲ. ಆ ವ್ಯಾಪಾರಿಯ ಕಂಪ್ಯೂಟರ್‌ನಲ್ಲಿ ಹುಡುಗ ಇಳಿಸಿದ ಫೈಲ್ ತೆಗೆದು ಇದನ್ನೇ ಮಾಡಿದೆ. ಬಿಲ್ಲಿಂಗ್ ತೆರೆಯಿತು.